ದೆವ್ವಕ್ಕೆ ಕಥೆ ಬರೆದವನು

ಮಾರಿಯೋ ಬಾವಾನ 'ದಿ ವಿಪ್ ಅಂಡ್ ದಿ ಬಾಡಿ' ನೋಡಿದ ಸ್ನೇಹಿತರೊಬ್ಬರು, "ಇಂಥ ಸಿನಿಮಾಕ್ಕೆ ಕಥೆ ಬರೆಯುವವನು ಯಾಕೆ ಬೇಕು? ಕ್ಯಾಮೆರಾ ಸಾಕು" ಎಂದರು. ಇಟಲಿಯ ಭಯಾನಕ ಚಿತ್ರಗಳ ಬಗ್ಗೆ ಎಲ್ಲರೂ ಸಲೀಸಾಗಿ ಆಡುವ ಮಾತು ಇದು. ನಾನು ಇದನ್ನು ಒಪ್ಪುವುದಿಲ್ಲ. ಆ ಚಿತ್ರಗಳಲ್ಲಿ ನಮ್ಮನ್ನು ಹೆದರಿಸುವುದು ಏನು ಎಂಬುದನ್ನು ಮೊದಲು ನಿರ್ಧರಿಸಿದವನು ಚಿತ್ರಕಥೆಗಾರ.

ಆ ಚಿತ್ರವನ್ನು ಬರೆದವರಲ್ಲಿ ಒಬ್ಬ ಎರ್ನೆಸ್ಟೋ ಗಸ್ಟಾಲ್ಡಿ. 1934ರಲ್ಲಿ ಹುಟ್ಟಿದವನು, ರೋಮಿನ ಸರ್ಕಾರಿ ಸಿನಿಮಾ ಶಾಲೆಯಲ್ಲಿ ಕಲಿತವನು. ಆದರೆ ಚಿತ್ರದ ಹೆಸರುಪಟ್ಟಿಯಲ್ಲಿ ಅವನು ಸಿಗುವುದಿಲ್ಲ, 'ಜೂಲಿಯನ್ ಬೆರಿ' ಸಿಗುತ್ತಾನೆ. ಬ್ರಿಟನ್ನಿನ ಹ್ಯಾಮರ್ ಕಂಪನಿಯ ಡ್ರಾಕುಲಾ ಗೆದ್ದ ಮೇಲೆ, ಇಟಲಿಯವರು ಮಾಡಿದ ದೆವ್ವವನ್ನು ಇಟಲಿಯವರೇ ನಂಬಲಾರರು ಎಂಬ ಅಂಜಿಕೆ ಹುಟ್ಟಿತ್ತು. ಬಾವಾ 'ಜಾನ್ ಎಂ. ಓಲ್ಡ್' ಆದ, ರಿಕಾರ್ಡೋ ಫ್ರೆಡಾ 'ರಾಬರ್ಟ್ ಹ್ಯಾಂಪ್ಟನ್' ಆದ. ನಿರ್ದೇಶಕರಿಗೆ ಅವರ ನಿಜವಾದ ಹೆಸರನ್ನು ವಿಮರ್ಶಕರು ಮರಳಿ ಕೊಟ್ಟರು. ಬರೆದವನಿಗೆ ಆ ನ್ಯಾಯ ಅರ್ಧವೂ ದಕ್ಕಲಿಲ್ಲ.

ಸ್ನೇಹಿತರ ಮಾತಿನಲ್ಲಿ ತೂಕವಿಲ್ಲವೆಂದಲ್ಲ. ಬಾವಾ ಛಾಯಾಗ್ರಾಹಕನಾಗಿ ಪಳಗಿದವನು. ಕತ್ತಲ ಕೋಣೆಯೊಳಗೆ ಅವನು ಹರಿಸುವ ನೀಲಿ, ನೇರಳೆ, ಕೆಂಪು ಬೆಳಕನ್ನು ಯಾವ ಬರಹವೂ ಹುಟ್ಟಿಸಲಾರದು. ಅದು ಅವನದೇ. ಆದರೆ ಸತ್ತ ಪ್ರಿಯಕರ ಮರಳಿ ಬಂದನೆಂದು ನಡುಗುವ ಹೆಣ್ಣಿನ ಮನಸ್ಸೇ ಅಲ್ಲಿನ ದೆವ್ವ ಎಂಬುದು ಕಥೆಯ ತೀರ್ಮಾನ. ಬಾವಾನ ಬೆಳಕು ಬಿದ್ದದ್ದು ಆ ತೀರ್ಮಾನದ ಮೇಲೆ.

ಈಗ ನಿರ್ದೇಶಕರನ್ನು ಬದಲಿಸಿ ನೋಡಿ. ಗಸ್ಟಾಲ್ಡಿ ಬರೆದು ಫ್ರೆಡಾ ತೆಗೆದ 1962ರ 'ದಿ ಹಾರಿಬಲ್ ಡಾಕ್ಟರ್ ಹಿಚ್‌ಕಾಕ್'ನಲ್ಲಿ ಎರಡನೆಯ ಹೆಂಡತಿಯನ್ನು ಕಾಡುವುದು ಸತ್ತಳೆಂದು ಎಲ್ಲರೂ ನಂಬಿದ್ದ, ಇನ್ನೂ ಬದುಕಿರುವ ಮೊದಲನೆಯ ಹೆಂಡತಿ. 1971ರಲ್ಲಿ ಸೆರ್ಜಿಯೋ ಮಾರ್ಟಿನೋ ತೆಗೆದ 'ದಿ ಸ್ಟ್ರೇಂಜ್ ವೈಸ್ ಆಫ್ ಮಿಸೆಸ್ ವಾರ್ಡ್'ನಲ್ಲಿ ನಾಯಕಿಯ ಸುತ್ತ ಹೆಣೆದ ಸಂಚಿನಲ್ಲಿ ಗಂಡನೂ ಪಾಲುದಾರ. ಇವೆರಡರ ನಡುವೆ ಬಂದ 1965ರ 'ಲಿಬಿಡೋ' ನನಗೆ ಎಲ್ಲಕ್ಕಿಂತ ದೊಡ್ಡ ಸಾಕ್ಷಿ. ಗಸ್ಟಾಲ್ಡಿಯೇ ವಿಟೋರಿಯೋ ಸಲೆರ್ನೋ ಜೊತೆ ನಿರ್ದೇಶಿಸಿದ ಕಪ್ಪುಬಿಳುಪು ಚಿತ್ರವದು. ಒಂದು ಮನೆ, ನಾಲ್ಕು ಮುಖ್ಯ ಪಾತ್ರಗಳು. ತಂದೆ ಮಾಡಿದ ಕೊಲೆಯನ್ನು ಬಾಲ್ಯದಲ್ಲಿ ಕಂಡ ಯುವಕ ಆ ಮನೆಗೆ ಮರಳುತ್ತಾನೆ. ಸತ್ತ ತಂದೆ ಇನ್ನೂ ಅಲ್ಲೇ ಓಡಾಡುತ್ತಿರುವಂತೆ ಗುರುತುಗಳು ಕಾಣತೊಡಗುತ್ತವೆ. ಆ ಯುವಕನಾಗಿ ತೆರೆಗೆ ಕಾಲಿಟ್ಟವನು ಜಾನ್‌ಕಾರ್ಲೋ ಜನ್ನೀನಿ. ಅವನಿಗೆ ಹುಚ್ಚು ಹಿಡಿದರೆ ಆಸ್ತಿ ಯಾರ ಪಾಲಿಗೆ ಎಂಬುದೇ ಅಲ್ಲಿನ ನಿಜವಾದ ಪ್ರಶ್ನೆ. ಬಣ್ಣವಿಲ್ಲ, ಬಾವಾನಿಲ್ಲ. ಆದರೂ ಭಯವಿದೆ, ಏಕೆಂದರೆ ಪಕ್ಕದಲ್ಲಿ ಕೂತು ಸಮಾಧಾನ ಹೇಳುವ ಕೈಯನ್ನೇ ನಾವು ಅನುಮಾನಿಸತೊಡಗುತ್ತೇವೆ.

ನಿರ್ದೇಶಕ ಬದಲಾದ, ಬಣ್ಣ ಬದಲಾಯಿತು, ಕಾಲವೂ ಬದಲಾಯಿತು. ಬದಲಾಗದೆ ಉಳಿದದ್ದು ಒಂದೇ: ಮನೆಯೊಳಗಿನ ಮನುಷ್ಯನೇ ದೆವ್ವ ಎಂಬ ನಂಬಿಕೆ. ಇಷ್ಟು ಜನರ ಕೈ ದಾಟಿಯೂ ಉಳಿಯುವ ಗುಣ ಬರೆದವನದಲ್ಲದೆ ಇನ್ನಾರದು?

ಇವೆಲ್ಲ ನಕಲು ಎನ್ನುವವರಿದ್ದಾರೆ. ಅಸಲು ಯಾವುದೆಂದು ಕೇಳಿದರೆ ಅವರು ಹೆಸರಷ್ಟೇ ಹೇಳುತ್ತಾರೆ, ಚಿತ್ರ ನೋಡಿರುವುದಿಲ್ಲ. ಅನುಕರಣೆ ಇತ್ತೆಂಬುದನ್ನು ನಾನೂ ಒಪ್ಪುತ್ತೇನೆ. 1983ರ '2019: ಆಫ್ಟರ್ ದಿ ಫಾಲ್ ಆಫ್ ನ್ಯೂಯಾರ್ಕ್' ಹುಟ್ಟಿದ್ದು ಜಾನ್ ಕಾರ್ಪೆಂಟರನ 'ಎಸ್ಕೇಪ್ ಫ್ರಮ್ ನ್ಯೂಯಾರ್ಕ್' ಗೆದ್ದದ್ದರಿಂದಲೇ. ಆದರೆ ಗಸ್ಟಾಲ್ಡಿ ಪಾಲ್ಗೊಂಡು ಬರೆದ ಆ ಕಥೆಯಲ್ಲಿ ನಾಯಕ ಹುಡುಕುವುದು ಹೆರಬಲ್ಲ ಕೊನೆಯ ಹೆಣ್ಣನ್ನು. ಮಕ್ಕಳೇ ಹುಟ್ಟದ ಜಗತ್ತಿನ ಬಗ್ಗೆ ಪಿ.ಡಿ. ಜೇಮ್ಸ್ ಕಾದಂಬರಿ ಬರೆದದ್ದು 1992ರಲ್ಲಿ, ಒಂಬತ್ತು ವರ್ಷಗಳ ನಂತರ. ನಿರ್ಮಾಪಕ ಕೇಳಿದ್ದು ಪಾಳುಬಿದ್ದ ನ್ಯೂಯಾರ್ಕನ್ನು ಇರಬಹುದು. ಆ ಪಾಳಿನೊಳಗೆ ತೊಟ್ಟಿಲ ಚಿಂತೆಯನ್ನು ಇಟ್ಟದ್ದು ಬರವಣಿಗೆ.

ಅಲ್ಲಿಯೂ ಹೆಸರುಪಟ್ಟಿಯಲ್ಲಿ ಇರುವುದು ಜೂಲಿಯನ್ ಬೆರಿ. ಆ ಹೆಸರನ್ನು ಓದುವಾಗ ಗಸ್ಟಾಲ್ಡಿ ಎಂದೇ ಓದಿಕೊಳ್ಳಬೇಕೆಂದು ಸ್ನೇಹಿತರಿಗೆ ಹೇಳಿದ್ದೇನೆ.