ಶಾಲು ಸಾಕು, ಆದೇಶ ಕೊಡಿ

ಶಿಕ್ಷಕರ ದಿನಾಚರಣೆಯ ಸಂಜೆ ನನ್ನ ಹಳೆಯ ವಿದ್ಯಾರ್ಥಿನಿಯೊಬ್ಬಳು ಮನೆಗೆ ಬಂದಿದ್ದಳು. ವಿಶ್ವವಿದ್ಯಾಲಯವೊಂದರಲ್ಲಿ ಹನ್ನೊಂದು ವರ್ಷದಿಂದ ಅತಿಥಿ ಉಪನ್ಯಾಸಕಿ. ಬೆಳಿಗ್ಗೆ ಅಲ್ಲಿ ಸನ್ಮಾನವಾಗಿತ್ತಂತೆ. "ಶಾಲು ಹೊದಿಸಿದರು ಮೇಡಂ. ಎರಡು ತಿಂಗಳ ಸಂಬಳ ಮಾತ್ರ ಇನ್ನೂ ಬಂದಿಲ್ಲ" ಎಂದು ನಕ್ಕಳು. ನನಗೆ ನಗು ಬರಲಿಲ್ಲ.

ನಮ್ಮ ಮನೆಗಳಲ್ಲಿ ಅತಿಥಿ ಬಂದರೆ ಕಾಲಿಗೆ ನೀರು ಕೊಟ್ಟು, ಮೊದಲ ಪಂಕ್ತಿಯಲ್ಲಿ ಕೂರಿಸುತ್ತೇವೆ. ಹನ್ನೊಂದು ವರ್ಷ ಅದೇ ಮನೆಯಲ್ಲಿ ನೀರು ಸೇದಿ, ಪಾತ್ರೆ ಬೆಳಗಿ, ಕೊನೆಗೆ ಉಳಿದದ್ದನ್ನು ಉಣ್ಣುವವಳನ್ನು ಅತಿಥಿ ಎನ್ನುವುದು ಯಾವ ಊರಿನ ಕನ್ನಡ?

ಈ ತಕರಾರು ಹಳೆಯದು. ದೆಹಲಿ ವಿಶ್ವವಿದ್ಯಾಲಯದಲ್ಲಿ ಕೆಲಸ ಕಳೆದುಕೊಂಡ ರಾಮನಾಥ ಎಂಬ ಬಸ್ ಚಾಲಕನ ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟು 1963ರಲ್ಲಿ, ವಿಶ್ವವಿದ್ಯಾಲಯ ಕೈಗಾರಿಕೆಯಲ್ಲ, ಕೈಗಾರಿಕಾ ವಿವಾದ ಕಾಯಿದೆ ಅದಕ್ಕೆ ತಗಲುವುದಿಲ್ಲ ಎಂದಿತು. 1978ರಲ್ಲಿ ನಮ್ಮ ಬೆಂಗಳೂರು ಜಲಮಂಡಳಿಯ ಪ್ರಕರಣದಲ್ಲಿ 7 ನ್ಯಾಯಮೂರ್ತಿಗಳ ಪೀಠ ಆ ತೀರ್ಪನ್ನು ತಳ್ಳಿಹಾಕಿತು. ಚಾಲಕನಿಗೂ ಗುಮಾಸ್ತನಿಗೂ ಬಾಗಿಲು ತೆರೆಯಿತು. ಪಾಠ ಹೇಳುವವರಿಗೆ? 1988ರಲ್ಲಿ ಗೋವಾದ ಶಿಕ್ಷಕಿ ಸುಂದರಾಂಬಾಳ್ ಅವರ ಮೊಕದ್ದಮೆಯಲ್ಲಿ ಉತ್ತರ ಬಂತು: ಬೋಧನೆ ಕುಶಲ ಕೆಲಸವಲ್ಲ, ಅಕುಶಲವೂ ಅಲ್ಲ, ಗುಮಾಸ್ತಿಕೆಯೂ ಅಲ್ಲ, ಅದು ಉದಾತ್ತ ವೃತ್ತಿ, ಹಾಗಾಗಿ ಶಿಕ್ಷಕಿ 'ಕೆಲಸಗಾರ'ರ ಸಾಲಿಗೆ ಸೇರುವುದಿಲ್ಲ. ಮೂವತ್ತು ವರ್ಷ ಸೀಮೆಸುಣ್ಣದ ಪುಡಿ ಕುಡಿದವಳಾಗಿ ಕೇಳುತ್ತೇನೆ, ಈ ಉದಾತ್ತತೆಯನ್ನು ಯಾವ ಅಂಗಡಿಯಲ್ಲಿ ಕೊಟ್ಟು ಅಕ್ಕಿ ತರಬೇಕು? ಇದೇ ತರ್ಕದಿಂದ 2004ರಲ್ಲಿ ಶಿಕ್ಷಕರಿಗೆ ಗ್ರಾಚ್ಯುಯಿಟಿಯೂ ಇಲ್ಲವೆಂದಾಯಿತು. ಅದನ್ನು ಸರಿಪಡಿಸಲು 2009ರಲ್ಲಿ ಸಂಸತ್ತೇ ಕಾಯಿದೆ ತಿದ್ದಬೇಕಾಯಿತು.

ರಿಟ್ ಅರ್ಜಿ ಹಾಕಬಹುದಲ್ಲ ಎನ್ನುವವರಿದ್ದಾರೆ. ಹಾಕಿದರೆ 2006ರ ಉಮಾದೇವಿ ತೀರ್ಪನ್ನು ಎದುರಿಗಿಡುತ್ತಾರೆ. ಅದೂ ನಮ್ಮ ಕರ್ನಾಟಕದ ದಿನಗೂಲಿ ನೌಕರರ ಪ್ರಕರಣವೇ. ಹಿಂಬಾಗಿಲಿನಿಂದ ಬಂದವರನ್ನು ಕಾಯಂ ಮಾಡಬಾರದೆಂದು ಹೇಳಿದ ಅದೇ ತೀರ್ಪು, ಮಂಜೂರಾದ ಹುದ್ದೆಗಳಲ್ಲಿ ಹತ್ತು ವರ್ಷ ದುಡಿದವರನ್ನು ಒಂದು ಬಾರಿಗೆ ಪರಿಗಣಿಸಿ, ಖಾಲಿ ಹುದ್ದೆಗಳಿಗೆ ನೇಮಕಾತಿ ನಡೆಸಿ ಎಂದೂ ಹೇಳಿತ್ತು. ಮೊದಲನೆಯದು ಕಚೇರಿಗಳಿಗೆ ಬಾಯಿಪಾಠವಾಗಿದೆ. ಇನ್ನೊಂದು ಕಣ್ಣಿಗೆ ಬಿದ್ದಂತಿಲ್ಲ. ನನ್ನ ಹುಡುಗಿ ಪ್ರತಿವರ್ಷ ಅರ್ಜಿ ಹಾಕಿ, ಅಂಕಪಟ್ಟಿ ತೋರಿಸಿ, ಮೆರಿಟ್ ಪಟ್ಟಿಯಲ್ಲಿ ಹೆಸರು ನೋಡಿಯೇ ಒಳಗೆ ಹೋದವಳು. ಮುಂಬಾಗಿಲಿಗೆ ಬೀಗ ಜಡಿದು ಕೂತವರು, ಹಿಂಬಾಗಿಲಿನಿಂದ ಬಂದೆಯಾ ಎಂದು ಅವಳನ್ನು ಗದರಿಸುವುದೇ?

2025ರ ಆಗಸ್ಟ್‌ನಲ್ಲಿ ಗುಜರಾತಿನ ಸರ್ಕಾರಿ ಇಂಜಿನಿಯರಿಂಗ್ ಕಾಲೇಜುಗಳ ಗುತ್ತಿಗೆ ಸಹಾಯಕ ಪ್ರಾಧ್ಯಾಪಕರ ಪ್ರಕರಣ ಬಂತು. ಅವರಿಗೆ ತಿಂಗಳಿಗೆ 30,000 ರೂಪಾಯಿ. ಪಕ್ಕದ ಕೊಠಡಿಯಲ್ಲಿ ಅದೇ ಪಾಠ ಮಾಡುವ ಕಾಯಂ ನೌಕರರಿಗೆ ಸುಮಾರು 1,36,952. ವೇತನಶ್ರೇಣಿಯ ಕನಿಷ್ಠ ಸಂಬಳವನ್ನಾದರೂ ಕೊಡಿ ಎಂದು ಸುಪ್ರೀಂ ಕೋರ್ಟು ಆದೇಶಿಸಿತು. ಸಭೆಗಳಲ್ಲಿ ಗುರುಬ್ರಹ್ಮ ಎಂದು ಹೇಳಿಕೊಂಡು ಕೂತರೆ ಸಾಲದು ಎಂದೂ ಛೀಮಾರಿ ಹಾಕಿತು. ಓದಿ ಸಮಾಧಾನವಾಯಿತು. ಆದರೆ ಸಂಬಳ ಬೇರೆ, ನೌಕರಿ ಬೇರೆ.

ಹೊರಡುವಾಗ ಅವಳು ಆ ಶಾಲನ್ನು ನನಗೇ ಹೊದಿಸಿ, ಕಾಲಿಗೆ ನಮಸ್ಕರಿಸಿ ಹೋದಳು. ಬೀರುವಿನಲ್ಲಿಡಲು ಹೋದರೆ ನನ್ನ 1994ರ ನೇಮಕಾತಿ ಆದೇಶ ಕೈಗೆ ಸಿಕ್ಕಿತು. ಟೈಪ್ ಮಾಡಿದ ಒಂದೇ ಹಾಳೆ, ಮಡಿಕೆಗಳಲ್ಲಿ ಹರಿದಿದೆ. ಅವಳಿಗೆ ತೋರಿಸದಿದ್ದದ್ದೇ ಒಳ್ಳೆಯದಾಯಿತು.