ಕತ್ತೆ ಕೊಯ್ತಾ ಆದದ್ದು

ಹೋದ ಮಳೆಗಾಲದಲ್ಲಿ ಒಂದು ರಾತ್ರಿ ನನ್ನನ್ನು ಪೊಲೀಸ್ ಠಾಣೆಗೆ ಕರೆಸಿದರು. ತಪ್ಪು ಮಾಡಿದ್ದಕ್ಕಲ್ಲ, ಕನ್ನಡ ಬರುತ್ತದೆ ಎಂಬ ಕಾರಣಕ್ಕೆ. ನಿಗಡಿಯಲ್ಲಿ ಕಟ್ಟಡದ ಕೆಲಸಕ್ಕೆ ಬಂದಿದ್ದ ಕಲಬುರಗಿ ಕಡೆಯ ಹುಡುಗನೊಬ್ಬನಿಗೆ ತಲೆ ಒಡೆದಿತ್ತು. ಕಣ್ಣಾರೆ ಕಂಡವನು ಅವನ ಅಣ್ಣ. ಹೇಳಿಕೆ ಬರೆದುಕೊಳ್ಳಬೇಕಾದ ಹವಾಲ್ದಾರರಿಗೆ ಕನ್ನಡ ಬಾರದು.

ಅಣ್ಣ ಹೇಳಿದ: 'ಕತ್ತಿ ಅಂದ್ನರಿ, ತಲಿಗಿ ಬಡದ್ನರಿ.'

ನಾನು ಮಲೆನಾಡಿನವನು. ನಮ್ಮಲ್ಲಿ ಕತ್ತಿ ಎಂದರೆ ಸೊಪ್ಪು ಕಡಿಯುವ ಕತ್ತಿ. ಅದಕ್ಕೆ ಮರಾಠಿಯಲ್ಲಿ ಸರಿಯಾದ ಶಬ್ದವೂ ತಕ್ಷಣ ಸಿಕ್ಕಿತು: ಕೊಯ್ತಾ. ಪುಣೆಯಲ್ಲಿ ಈ ಒಂದು ಪದ ಸಾಕು, ಠಾಣೆ ಎದ್ದು ಕೂರುತ್ತದೆ. 'ಕೊಯ್ತಾ ಗ್ಯಾಂಗ್' ಎಂಬ ಸುದ್ದಿಯಿಲ್ಲದ ವಾರ ಇಲ್ಲಿ ಕಡಿಮೆ. ಹವಾಲ್ದಾರರು ಬರೆದುಕೊಂಡರು. ಆಗ ಆ ಅಣ್ಣ, ಅಷ್ಟಿಷ್ಟು ಮರಾಠಿ ತಿಳಿದವನು, ಗಾಬರಿಯಾಗಿ ಕೇಳಿದ: 'ಕೊಯ್ತಾ ಎಲ್ಲಿ ಬಂತ್ರಿ ಸರ? ಅವ ನಮ್ಮ ತಮ್ಮಗ ಕತ್ತಿ ಅಂತ ಬೈದ್ನರಿ. ಬಡದಿದ್ದು ಬಡಿಗಿಲೆ.' ಮನೆ ಅವರ ಬಾಯಲ್ಲಿ ಮನಿ, ಕತ್ತೆ ಕತ್ತಿ. ಬೈಗುಳವನ್ನು ನಾನು ಆಯುಧ ಮಾಡಿಬಿಟ್ಟಿದ್ದೆ.

ಅವನಿಗೆ ಮರಾಠಿ ಗೊತ್ತಿಲ್ಲದಿದ್ದರೆ? ಈ ಪ್ರಶ್ನೆ ಅಂದಿನಿಂದ ನನ್ನನ್ನು ಬಿಟ್ಟಿಲ್ಲ.

ಆ ಕಾಗದ ಮುಂದೆ ಎಲ್ಲಿಗೆ ಹೋಗುತ್ತದೆ ನೋಡಿ. ಪೊಲೀಸರ ಮುಂದೆ ಕೊಟ್ಟ ಹೇಳಿಕೆಗೆ ಸಾಕ್ಷಿಯ ಸಹಿ ಹಾಕಿಸುವಂತಿಲ್ಲ. ಅವನನ್ನು ಪೊಲೀಸರು ಕಟ್ಟಿಹಾಕಬಾರದೆಂದು ಮಾಡಿದ ಒಳ್ಳೆಯ ನಿಯಮವೇ ಅದು. ಆದರೆ ಆರೋಪಿಯ ವಕೀಲರು ಅದೇ ಹೇಳಿಕೆಯನ್ನು ಹಿಡಿದು ಪಾಟೀ ಸವಾಲಿನಲ್ಲಿ ಕೇಳಬಹುದು: 'ಠಾಣೆಯಲ್ಲಿ ಕೊಯ್ತಾ ಎಂದಿದ್ದೀಯಾ, ಇಲ್ಲಿ ಬಡಿಗೆ ಎನ್ನುತ್ತೀಯಾ, ಯಾವುದು ಸುಳ್ಳು?' ತಾನು ಓದಲಾರದ, ಸಹಿ ಹಾಕದ, ತನ್ನ ಭಾಷೆಯದೂ ಅಲ್ಲದ ಕಾಗದಕ್ಕೆ ಅವನು ಉತ್ತರ ಹೇಳಬೇಕು. ಶಿಕ್ಷೆಯ ಲೆಕ್ಕವೂ ಅದರ ಮೇಲೆ ನಿಂತಿದೆ. ನ್ಯಾಯ ಸಂಹಿತೆಯ 115ನೇ ಕಲಮಿನ ಸಾಧಾರಣ ಗಾಯಕ್ಕೆ 1 ವರ್ಷದವರೆಗೆ. ಕಡಿಯುವ ಆಯುಧ ಬಂದರೆ 118, ಅಲ್ಲಿ 3 ವರ್ಷದವರೆಗೆ.

ಕೋರ್ಟಿನಲ್ಲೂ ಅನುವಾದವೇ. ಕಾನೂನು ಇದನ್ನು ಯೋಚಿಸಿಲ್ಲವೆಂದಲ್ಲ. ಸಾಕ್ಷಿ ಬೇರೆ ಭಾಷೆಯಲ್ಲಿ ಹೇಳಿದರೆ, ಸಾಧ್ಯವಾದರೆ ಆ ಭಾಷೆಯಲ್ಲೇ ಬರೆದುಕೊಳ್ಳಬಹುದು, ಆಗದಿದ್ದರೆ ಕೋರ್ಟಿನ ಭಾಷೆಗೆ ನಿಜವಾದ ಅನುವಾದ ಆಗಬೇಕು ಎನ್ನುತ್ತದೆ ನಾಗರಿಕ ಸುರಕ್ಷಾ ಸಂಹಿತೆಯ 312ನೇ ಕಲಮು. ಬರೆದದ್ದನ್ನು ಅವನಿಗೆ ತಿಳಿಯುವ ಭಾಷೆಯಲ್ಲಿ ಓದಿ ಹೇಳಬೇಕು ಎನ್ನುತ್ತದೆ 313. 'ಸಾಧ್ಯವಾದರೆ' ಎಂಬ ಆ ಪದದೊಳಗೆ ನಮ್ಮ ಇಡೀ ಭಾಷೆ ಮುಳುಗಿಹೋಗುತ್ತದೆ.

ಮ್ಯಾಜಿಸ್ಟ್ರೇಟರು ಶಿಕ್ಷೆ ಕೊಟ್ಟರೆ ಅಪೀಲು ಸೆಷನ್ಸ್ ಕೋರ್ಟಿಗೆ. ಸಾಕ್ಷ್ಯವನ್ನೆಲ್ಲ ಮತ್ತೆ ತೂಗಿ ನೋಡುವ ಅವಕಾಶ ಇರುವುದು ಅಲ್ಲಿಯೇ. ಅದರಾಚೆ ಹೈಕೋರ್ಟಿಗೆ ರಿವಿಜನ್ ಹೋದರೆ, ತೀರ್ಪು ತೀರಾ ಅಡ್ಡಾದಿಡ್ಡಿಯಾಗಿಲ್ಲದ ಹೊರತು ಅಲ್ಲಿ ಸಾಕ್ಷ್ಯದ ಮರುತೂಕ ಸಾಮಾನ್ಯವಾಗಿ ನಡೆಯುವುದಿಲ್ಲ. ಹೀಗೆ ಇರುವ ಒಂದೇ ತಕ್ಕಡಿಯಲ್ಲಿ ತೂಗುವುದು ಏನನ್ನು? ಸಾಕ್ಷಿಯನ್ನಲ್ಲ, ಅನುವಾದದ ಕಾಗದವನ್ನು. ಸಾಕ್ಷಿಯ ಹಾವಭಾವವನ್ನು ಕಂಡವರು ಕೆಳಗಿನ ನ್ಯಾಯಾಧೀಶರು, ಆದ್ದರಿಂದ ಅವರ ಅಭಿಪ್ರಾಯಕ್ಕೆ ಬೆಲೆ ಕೊಡಬೇಕು ಎಂಬ ಮಾತು ಅಪೀಲು ತೀರ್ಪುಗಳಲ್ಲಿ ಮತ್ತೆ ಮತ್ತೆ ಬರುತ್ತದೆ. ಕನ್ನಡದ ಸಾಕ್ಷಿಯ ವಿಷಯದಲ್ಲಿ ಅವರು ಕೇಳಿದ್ದು ದುಭಾಷಿಯ ಮಾತನ್ನು. ನನ್ನಂಥ ದುಭಾಷಿ ಎಷ್ಟು ಆತ್ಮವಿಶ್ವಾಸದಿಂದ ತಪ್ಪು ಹೇಳಬಲ್ಲ ಎಂಬುದು ನನಗೆ ಗೊತ್ತು.

ಸುಪ್ರೀಂ ಕೋರ್ಟು ಈ ಬಗ್ಗೆ ಕಣ್ಣು ಮುಚ್ಚಿಕೊಂಡು ಕೂತಿಲ್ಲ. ಸಾಕ್ಷಿಗಳ ಸಂಖ್ಯೆಯಲ್ಲ, ಗುಣ ಮುಖ್ಯ ಎಂದು 1957ರ ವಡಿವೇಲು ತೇವರ್ ಪ್ರಕರಣದಲ್ಲೇ ಹೇಳಿತು. ಸಾಕ್ಷಿಯ ನೆನಪು ವಿಡಿಯೊ ಟೇಪಲ್ಲ, ಸಣ್ಣಪುಟ್ಟ ವ್ಯತ್ಯಾಸ ಹಿಡಿದು ಇಡೀ ಸಾಕ್ಷ್ಯವನ್ನು ಎಸೆಯಬಾರದು ಎಂದು 1983ರ ಭರವಾಡಾ ಭೋಗಿನಭಾಯಿ ತೀರ್ಪು ವಿವರವಾಗಿ ತಿಳಿಸಿತು. ಆದರೆ ಅವೆಲ್ಲ ನೆನಪಿನ ತಪ್ಪಿನ ಮಾತು. ಕೊಯ್ತಾ ಮತ್ತು ಬಡಿಗೆ ಸಣ್ಣ ವ್ಯತ್ಯಾಸವಲ್ಲ, ನೆನಪಿನ ತಪ್ಪೂ ಅಲ್ಲ. ಓದುವ ನ್ಯಾಯಾಧೀಶರಿಗೆ ಅದು ಹಸಿ ಸುಳ್ಳಿನಂತೆಯೇ ಕಾಣುತ್ತದೆ. ಅಂಥ ಅನುಮಾನದ ಲಾಭ ಆರೋಪಿಗೆ ಹೋಗಬೇಕಾದದ್ದೂ ಸರಿಯೇ, ನಾನದನ್ನು ಕಿತ್ತುಕೊಳ್ಳಿ ಎನ್ನುತ್ತಿಲ್ಲ. ಆ ರಾತ್ರಿ ನನ್ನ ತಪ್ಪು ಹಾಗೇ ಉಳಿದಿದ್ದರೆ ಬಡಿಗೆ ಹಿಡಿದವನ ಮೇಲೆ ಕೊಯ್ತಾದ ಕೇಸು ಬೀಳುತ್ತಿತ್ತು. ಅವನಿಗೂ ಅದು ಅನ್ಯಾಯವೇ.

ಇನ್ನೊಂದು ವಿಚಿತ್ರ. 2024ರ ಜುಲೈ 1ರಿಂದ ಜಾರಿಯಲ್ಲಿರುವ ಇದೇ ಸಂಹಿತೆಯ 105ನೇ ಕಲಮಿನಂತೆ ಜಪ್ತಿಯನ್ನು ವಿಡಿಯೊ ಮಾಡಲೇಬೇಕು. ಸಾಕ್ಷಿಯ ಹೇಳಿಕೆಗೆ ಬಂದಾಗ 180ನೇ ಕಲಮು 'ಮಾಡಬಹುದು' ಎಂದು ಸುಮ್ಮನಾಗುತ್ತದೆ. ಬಡಿಗೆಗೆ ಸಿಕ್ಕ ಮರ್ಯಾದೆ ಬಡಿಗೆಯನ್ನು ಕಂಡವನಿಗಿಲ್ಲ! ಹವಾಲ್ದಾರರ ಜೇಬಿನಲ್ಲೂ ಫೋನಿದೆ. ಅನುವಾದವಾಗುವ ಪ್ರತಿ ಹೇಳಿಕೆಯ, ಪ್ರತಿ ಸಾಕ್ಷ್ಯದ ಧ್ವನಿ ಕಡತದಲ್ಲಿರಬೇಕು. ಮಾತು ಬದಲಾಯಿತು ಎಂಬ ಕಾರಣಕ್ಕೆ ಶಿಕ್ಷೆ ರದ್ದು ಮಾಡುವ ಅಥವಾ ಕಾಯಂ ಮಾಡುವ ಮೊದಲು ಅಪೀಲು ಕೋರ್ಟು ಅದನ್ನು ಕೇಳಬೇಕು, ಆ ಸೀಮೆಯ ಮಾತು ಬಲ್ಲವರನ್ನು ಪಕ್ಕದಲ್ಲಿ ಕೂರಿಸಿಕೊಂಡು. ಅಪೀಲಿನ ಹಂತದಲ್ಲಿ ಹೆಚ್ಚುವರಿ ಸಾಕ್ಷ್ಯ ಪಡೆಯುವ ಅಧಿಕಾರ 432ನೇ ಕಲಮಿನಲ್ಲಿ ಈಗಾಗಲೇ ಇದೆ.

ಪುಣೆಯಲ್ಲಿ ಕನ್ನಡ ಬರೆಯಬಲ್ಲವರು ಸಿಗುವುದಿಲ್ಲ ಎಂದರೆ ಯಾರು ನಂಬುತ್ತಾರೆ? ನವೆಂಬರ್ ಬಂದರೆ ಸಭಾಂಗಣ ತುಂಬುತ್ತೇವೆ, ಶಾಲು ಹೊದಿಸುತ್ತೇವೆ, ಹೋಳಿಗೆ ಊಟ ಮಾಡುತ್ತೇವೆ. ಕಲಬುರಗಿಯ, ವಿಜಯಪುರದ, ಬೀದರಿನ ಮಾತು ಬಲ್ಲ ಹತ್ತು ಜನರ ಹೆಸರು ಬರೆದು ಪಿಂಪರಿ ಕೋರ್ಟಿಗೂ ಶಿವಾಜಿನಗರದ ಜಿಲ್ಲಾ ಕೋರ್ಟಿಗೂ ಕೊಟ್ಟಿದ್ದೇವೆಯೇ? ನಾನಂತೂ ಕೊಟ್ಟಿರಲಿಲ್ಲ. ಪಟ್ಟಿ ಮಾಡಲು ಹೊರಟಾಗ ಮೊದಲು ಫೋನು ಮಾಡಿದ್ದು ಆ ಅಣ್ಣನಿಗೆ. 'ನಿಮ್ಮ ಹೆಸರು ಹಾಕಬ್ಯಾಡ್ರಿ ಸರ, ನಿಮಗ ಕನ್ನಡ ಸರಿ ಬರಂಗಿಲ್ಲ' ಅಂದ.