ನಾಲ್ಕು ಅಂಕಿಗಳ ಬೀಗ

ತುಮಕೂರಿನಲ್ಲಿ ಗುಬ್ಬಿ ಗೇಟು ಎಂಬ ಸ್ಥಳವಿದೆ. ಶಿರಾ ಗೇಟು ಎಂಬುದೂ ಇದೆ. ಹೆಸರಿನಲ್ಲಿ ಬಾಗಿಲುಂಟೇ ಹೊರತು ದಾರಿಯಲ್ಲಿ ಇಲ್ಲ. ಗುಬ್ಬಿಗೆ ಹೋಗುವವರಾಗಲಿ, ಶಿರಾಕ್ಕೆ ಹೋಗುವವರಾಗಲಿ, ಯಾರ ಅಪ್ಪಣೆಯನ್ನೂ ಬೇಡದೆ ಸಾಗುತ್ತಾರೆ. ಆದರೆ ಅದೇ ಊರಿನ ಹೊಸ ಬಡಾವಣೆಗಳಲ್ಲಿ ಕೆಲವರ ಕಾರಿನ ಷೆಡ್ಡಿಗೆ ಬೀಗದ ಕೈಯನ್ನೇ ಬೇಡದ ಬಾಗಿಲು ಬಂದಿದೆ. ಗೋಡೆಯ ಮೇಲೆ ಅಂಕಿಗಳ ಪುಟ್ಟ ಹಲಗೆ. ನಾಲ್ಕು ಗುಂಡಿಗಳನ್ನು ಕ್ರಮವಾಗಿ ಒತ್ತಿದರೆ ಷಟರು ತಾನಾಗಿ ಮೇಲೇರುತ್ತದೆ. ಬೀಗದ ಕೈ ಕಳೆಯಿತೆಂಬ ಗೋಳಿಲ್ಲ, ಮರೆತು ಬಂದೆನೆಂಬ ಪೇಚಾಟವಿಲ್ಲ.

ನನ್ನ ಮಿತ್ರರೊಬ್ಬರು ನಿವೃತ್ತ ಉಪಾಧ್ಯಾಯರು. ಕುಣಿಗಲ್ ರಸ್ತೆಯ ಕಡೆಗೆ ಮನೆ ಕಟ್ಟಿಸಿ ಇಂಥದೊಂದು ಬಾಗಿಲನ್ನು ಹಾಕಿಸಿದರು. ಕಾರು ನಡೆಸಲು ಗುಬ್ಬಿಯ ಕಡೆಯ ಹುಡುಗನೊಬ್ಬನಿದ್ದ; ನಂಬಿಗಸ್ಥ. ನಾಲ್ಕು ವರ್ಷ ದುಡಿದು, ಊರಿನಲ್ಲಿಯೇ ಬೇರೆ ಕೆಲಸ ಸಿಕ್ಕಿತೆಂದು ಹೊರಟುನಿಂತ. ಹೊರಡುವ ದಿನ ಅವನು, "ಮೇಷ್ಟ್ರೇ, ಷೆಡ್ಡಿನ ನಂಬರು ಬದಲಾಯಿಸಿಬಿಡಿ" ಎಂದನಂತೆ. ಮಿತ್ರರು ನಕ್ಕು, "ನೀನು ನಮ್ಮ ಮನೆಯ ಹುಡುಗನಪ್ಪ, ನಿನ್ನನ್ನು ನಂಬದೆ ಇನ್ನಾರನ್ನು ನಂಬಲಿ?" ಎಂದು ಹೇಳಿ ಕಳುಹಿಸಿದರು. ತಮ್ಮ ಔದಾರ್ಯದ ವಿಷಯದಲ್ಲಿ ಅವರಿಗೆ ತಕ್ಕಮಟ್ಟಿಗೆ ಹೆಮ್ಮೆಯೂ ಆಗಿತ್ತು.

ಆರು ತಿಂಗಳು ಕಳೆಯಿತು. ಒಂದು ಮದುವೆಗೆಂದು ಮನೆಮಂದಿಯೆಲ್ಲ ಹೋಗಿ ಬಂದಾಗ ಷೆಡ್ಡಿನಲ್ಲಿಟ್ಟಿದ್ದ ನೀರಿನ ಪಂಪು ಕಾಣಲಿಲ್ಲ. ಬಾಗಿಲು ಮುರಿದಿಲ್ಲ, ಷಟರು ಬಾಗಿಲ್ಲ. ಮನೆಯಲ್ಲಿ ಮೊದಲು ಹೊರಟ ಮಾತು ಒಂದೇ: "ಆ ಹುಡುಗನಿಗೆ ನಂಬರು ಗೊತ್ತಿತ್ತಲ್ಲ!" ಮಾತು ಮನೆಯಲ್ಲಿ ನಿಲ್ಲಲಿಲ್ಲ, ಪಕ್ಕದ ಮನೆಗೆ ಹೋಯಿತು, ಅಲ್ಲಿಂದ ಬೀದಿಗೆ, ಬೀದಿಯಿಂದ ಗುಬ್ಬಿಗೆ. ನಾಲ್ಕನೆಯ ದಿನ ಕುಣಿಗಲ್ಲಿನಲ್ಲಿದ್ದ ಸೋದರಳಿಯ ಬಂದು, "ಮಾವ, ತೋಟದ ಪಂಪು ಸುಟ್ಟುಹೋಗಿತ್ತು, ನಿಮ್ಮದನ್ನು ತೆಗೆದುಕೊಂಡು ಹೋದೆ. ಹೇಳಲು ಮರೆತೆ" ಎಂದು ಹಲ್ಲುಕಿರಿದ. ಅವನಿಗೂ ನಂಬರು ಗೊತ್ತಿತ್ತು. ಮಿತ್ರರು ಆಗ ಕುಳಿತು ಲೆಕ್ಕ ಹಾಕಿದರು. ಮಗಳು, ಅಳಿಯ, ಅಡಿಗೆಯಾಕೆ, ನಲ್ಲಿ ರಿಪೇರಿಯವನು, ಎದುರುಮನೆಯವರು—ಒಟ್ಟು ಹನ್ನೊಂದು ಮಂದಿಗೆ ಆ ರಹಸ್ಯ ತಿಳಿದಿತ್ತು! ಸಂದೇಹ ಮಾತ್ರ ಒಬ್ಬನ ಮೇಲೆಯೇ ಹೋಯಿತು. ಅವನು ಬಡವ, ಮನೆ ಬಿಟ್ಟು ಹೋದವನು.

ಬೀಗದ ಕೈಗೂ ಅಂಕಿಗೂ ಇರುವ ಭೇದ ಇಲ್ಲಿಯೇ ಇದೆ. ಕೈಗಳನ್ನು ಎಣಿಸಬಹುದು, ಕೆಲಸ ಬಿಡುವವನು ಅದನ್ನು ಮೇಜಿನ ಮೇಲಿಟ್ಟು, "ತೆಗೆದುಕೊಳ್ಳಿ" ಎಂದು ಹಗುರಾಗಿ ಹೋಗಬಹುದು. ಅಂಕಿಯನ್ನು ಹಿಂದಿರುಗಿಸುವ ಬಗೆಯಿಲ್ಲ. ತಿಳಿದದ್ದನ್ನು ಮರೆತೆನೆಂದು ಯಾರು ಪ್ರಮಾಣಮಾಡಿಯಾರು? ಮನೆಯವರು ಅದನ್ನು ಬದಲಾಯಿಸಿದರೆ ಮಾತ್ರ ಅವನು ಬಿಡುಗಡೆ ಹೊಂದುತ್ತಾನೆ.

ಮಹಾ ಮಹಾ ವಿದ್ವಾಂಸರೂ ಇಲ್ಲಿ ಎಡವಿದ್ದಾರೆ. ಎರಡನೆಯ ಮಹಾಯುದ್ಧದ ಕಾಲದಲ್ಲಿ ಅಮೆರಿಕದ ಲಾಸ್ ಅಲಮೋಸ್‌ನಲ್ಲಿ ಅಣುಬಾಂಬಿನ ಕೆಲಸದಲ್ಲಿದ್ದ ರಿಚರ್ಡ್ ಫೈನ್‌ಮನ್, ಅಂಕಿಬೀಗದ ಪೆಟ್ಟಿಗೆಗಳನ್ನು ತೆರೆಯುವುದನ್ನು ವಿನೋದಕ್ಕಾಗಿ ಕಲಿತಿದ್ದರು. ಸುಮಾರು ಐದರಲ್ಲೊಂದು ಪೆಟ್ಟಿಗೆ ಕಾರ್ಖಾನೆಯಿಂದ ಬಂದ ಸಂಖ್ಯೆಯಲ್ಲಿಯೇ ಉಳಿದಿತ್ತೆಂದು 1985ರಲ್ಲಿ ಪ್ರಕಟವಾದ ತಮ್ಮ ನೆನಪುಗಳಲ್ಲಿ ಹೇಳಿದ್ದಾರೆ. ಪೆಟ್ಟಿಗೆಯನ್ನು ತೆರೆದಿಟ್ಟಿದ್ದರೆ ಸಂಖ್ಯೆಯನ್ನು ಕಂಡುಕೊಳ್ಳಬಹುದೆಂದು ಅವರು ಓಕ್ ರಿಡ್ಜ್‌ನ ಒಬ್ಬ ಸೇನಾಧಿಕಾರಿಗೆ ತೋರಿಸಿ ಎಚ್ಚರಿಸಿದರು. ಅಧಿಕಾರಿ ಮಾಡಿದ್ದೇನು? ಫೈನ್‌ಮನ್ ಯಾರ ಕೊಠಡಿಗೆ ಬಂದಿದ್ದರೋ ಅವರೆಲ್ಲ ಸಂಖ್ಯೆ ಬದಲಾಯಿಸತಕ್ಕದ್ದೆಂದು ಆಜ್ಞೆ ಹೊರಡಿಸಿದ. ದೋಷವಿದ್ದದ್ದು ತೆರೆದಿಡುವ ಅಭ್ಯಾಸದಲ್ಲಿ. ಬೆರಳು ಹೋದದ್ದು ಮನುಷ್ಯನ ಕಡೆಗೆ.

ಇನ್ನು ಸಂಖ್ಯೆಯನ್ನು ಆರಿಸುವ ವಿಚಾರ. ನಾಲ್ಕು ಅಂಕಿಗಳಿಂದ 10,000 ಸಂಖ್ಯೆಗಳಾಗುತ್ತವೆ. ಆದರೆ ನಮ್ಮವರಿಗೆ ಹುಟ್ಟಿದ ವರ್ಷ, ಮದುವೆಯ ವರ್ಷಗಳ ಮೇಲೆ ಬಲು ಪ್ರೀತಿ. 19 ಅಥವಾ 20ರಿಂದ ಮೊದಲಾಗುವ ಸಂಖ್ಯೆಗಳು ಬರಿಯ 200. ಹತ್ತು ಸಾವಿರ ಬಾಗಿಲಿನ ಕೋಟೆಯನ್ನು ಕಟ್ಟಿ ಇನ್ನೂರರ ಓಣಿಯಲ್ಲಿ ವಾಸಿಸಿದಂತಾಯಿತು! ವರ್ಷಗಟ್ಟಲೆ ಒಂದೇ ಸಂಖ್ಯೆಯನ್ನು ಒತ್ತಿದರೆ ಆ ನಾಲ್ಕು ಗುಂಡಿಗಳು ಮಾತ್ರ ಸವೆದು ಮಾಸುತ್ತವೆ. ಅವು ಯಾವುವೆಂದು ತಿಳಿದವನಿಗೆ ಪ್ರಯತ್ನಿಸಲು ಉಳಿಯುವುದು 24 ಕ್ರಮಗಳಷ್ಟೆ.

ಬದಲಾಯಿಸುವುದು ಬ್ರಹ್ಮವಿದ್ಯೆಯಲ್ಲ. ಒಂದೊಂದು ತಯಾರಿಕೆಯಲ್ಲಿ ಕ್ರಮ ಒಂದೊಂದು. ಆದುದರಿಂದ ಯಂತ್ರದೊಡನೆ ಬಂದ ಪುಸ್ತಿಕೆಯನ್ನು ರದ್ದಿಗೆ ಹಾಕಬೇಡಿ. ಅನೇಕ ಯಂತ್ರಗಳಲ್ಲಿ ಮೋಟಾರಿನ ಪೆಟ್ಟಿಗೆಯ ಮೇಲೆ ಕಲಿಸುವ ಗುಂಡಿಯೊಂದಿರುತ್ತದೆ. ಅದನ್ನು ಒತ್ತಿ ದೀಪ ಹತ್ತಿದೊಡನೆ, ಕೆಲವೇ ಕ್ಷಣಗಳೊಳಗೆ, ಹಲಗೆಯ ಮೇಲೆ ಹೊಸ ಸಂಖ್ಯೆಯನ್ನು ಒತ್ತಿ ಖಚಿತಪಡಿಸಬೇಕು. ಷಟರನ್ನು ಮೇಲೆತ್ತಿಟ್ಟುಕೊಂಡೇ ಈ ಕೆಲಸಕ್ಕೆ ತೊಡಗಿರಿ. ತಪ್ಪಾದರೆ ನೀವೇ ಹೊರಗುಳಿಯಬಾರದಲ್ಲ! ಹೊಸ ಸಂಖ್ಯೆ ನಡೆಯಿತೆಂದು ಹಿಗ್ಗಿ ಒಳಗೆ ಹೋಗಬೇಡಿ. ಹಳೆಯದನ್ನೂ ಒಮ್ಮೆ ಒತ್ತಿ ನೋಡಿರಿ. ಕೆಲವು ಯಂತ್ರಗಳು ಹೊಸದನ್ನು ಕಲಿತರೂ ಹಳೆಯದನ್ನು ಮರೆಯುವುದಿಲ್ಲ. ಅದನ್ನು ಬೇರೆಯಾಗಿ ಅಳಿಸಬೇಕು. ಎಲ್ಲವನ್ನೂ ಅಳಿಸಿದರೆ ಕೈಯಲ್ಲಿ ಹಿಡಿಯುವ ರಿಮೋಟುಗಳಿಗೂ ಮತ್ತೆ ಪಾಠ ಹೇಳಬೇಕಾಗುವುದುಂಟು. ವಿದ್ಯುತ್ತು ಹೋದಾಗ ಷಟರನ್ನು ಕೈಯಿಂದ ಎತ್ತುವ ಬಗೆಯನ್ನೂ ಮನೆಯವರೆಲ್ಲ ಅಂದೇ ಕಲಿತಿರಲಿ.

ಮಿತ್ರರು ಗುಬ್ಬಿಗೆ ಹೋದರು. ಹುಡುಗ ಮಣೆ ಹಾಕಿ ಕೂರಿಸಿ, ಎಳನೀರು ಕೊಟ್ಟ. ಒಂದು ಕಟುನುಡಿಯನ್ನೂ ಆಡಲಿಲ್ಲ. ಮಿತ್ರರು ತಡವರಿಸುತ್ತ ಕ್ಷಮೆ ಬೇಡಿದಾಗ, "ಅವತ್ತೇ ಹೇಳಿದ್ದೆನಲ್ಲ, ಮೇಷ್ಟ್ರೇ" ಎಂದನಂತೆ, ಅಷ್ಟೆ. ಹಿಂದಿರುಗಿದ ಸಂಜೆಯೇ ಅವರು ಸಂಖ್ಯೆಯನ್ನು ಬದಲಾಯಿಸಿದರು. ಪಂಪು ಬಂದಷ್ಟು ಸುಲಭವಾಗಿ ಬೀದಿಯಲ್ಲಿ ಆಡಿದ ಮಾತು ಹಿಂದಕ್ಕೆ ಬರಲಿಲ್ಲ. ಅದನ್ನು ಅವರು ಮನೆಮನೆಗೂ ಹೋಗಿ ತಿದ್ದಿಬರಬೇಕಾಯಿತು.

ವಾಚಕರಲ್ಲಿ ನನ್ನದೊಂದು ವಿಜ್ಞಾಪನೆ. ನಿಮ್ಮ ಮನೆಯಿಂದ ಕೆಲಸ ಬಿಟ್ಟು ಹೋಗುವವನ ಎದುರಿಗೇ ಹೊಸ ಅಂಕಿಗಳನ್ನು ಕೂರಿಸಿ, "ಇನ್ನು ಮೇಲೆ ಇದರ ಹೊರೆ ನಿನಗಿಲ್ಲ" ಎಂದು ಹೇಳಿ ಕಳುಹಿಸಿರಿ. ಅವನನ್ನು ನಂಬಿದ್ದೀರೆಂಬುದಕ್ಕೆ ಅದಕ್ಕಿಂತ ಒಳ್ಳೆಯ ಗುರುತು ಬೇರೆ ಬೇಕಿಲ್ಲ.